ಕಾವಲಿಯ ಮೇಲೆ ಒಡೆಯದ ಕ್ರ್ಯಾಬ್ ಕೇಕ್: ಮನೆಯಲ್ಲೇ ಮಾಡುವ ಕ್ರಮ

ಕ್ರ್ಯಾಬ್ ಕೇಕ್ ಎಂದರೆ ಏಡಿ ಮಾಂಸವನ್ನು ಬಿಲ್ಲೆ ಮಾಡಿ ಕಾವಲಿಯಲ್ಲಿ ಹುರಿಯುವ ತಿಂಡಿ. ಅದರ ಬಗ್ಗೆ ನನಗೆ ಬರುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ. "ಕಾವಲಿಗೆ ಹಾಕಿದ ತಕ್ಷಣ ಒಡೆದುಹೋಗುತ್ತದೆ, ಏನು ಮಾಡಲಿ?" ಅಮೆರಿಕದಲ್ಲಿರುವವರೂ ಇದನ್ನೇ ಕೇಳುತ್ತಾರೆ, ಮಂಗಳೂರು, ಕುಂದಾಪುರದವರೂ ಇದನ್ನೇ ಕೇಳುತ್ತಾರೆ. ಒಡೆಯುತ್ತದೆ ಎಂದು ಹೆದರಿ ಹೆಚ್ಚಿನವರು ಬ್ರೆಡ್ ಪುಡಿ, ಕಡಲೆ ಹಿಟ್ಟು, ಆಲೂಗಡ್ಡೆ ಸೇರಿಸುತ್ತಾ ಹೋಗುತ್ತಾರೆ. ಆಗ ಗಟ್ಟಿಯಾಗಿ ನಿಲ್ಲುವುದೇನೋ ನಿಜ, ಆದರೆ ತಿನ್ನುವಾಗ ಏಡಿಯ ರುಚಿಯೇ ಇರುವುದಿಲ್ಲ. ಆಲೂಗಡ್ಡೆ ಹಾಕಿದರೆ ಅದು ಏಡಿ ಕಟ್ಲೆಟ್ ಆಗುತ್ತದೆ. ಅದೂ ಒಳ್ಳೆಯ ತಿಂಡಿಯೇ, ಆದರೆ ಇದಲ್ಲ.

ಕ್ರ್ಯಾಬ್ ಕೇಕ್‌ನ ಊರು ಅಮೆರಿಕದ ಪೂರ್ವ ಕರಾವಳಿಯ ಚೆಸಾಪೀಕ್ ಕೊಲ್ಲಿ. ಮೇರಿಲ್ಯಾಂಡ್ ಮತ್ತು ವರ್ಜೀನಿಯಾ ರಾಜ್ಯಗಳ ನಡುವೆ ಒಳಗೆ ಚಾಚಿಕೊಂಡಿರುವ ಈ ಕೊಲ್ಲಿಯಲ್ಲಿ ನೀಲಿ ಏಡಿ ಸಿಗುತ್ತದೆ. ಬಾಲ್ಟಿಮೋರ್ ನಗರದ ಅಡುಗೆಯ ಹೆಮ್ಮೆಯೇ ಈ ಏಡಿ. ಅಲ್ಲಿನವರು ಕ್ರ್ಯಾಬ್ ಕೇಕನ್ನು ಅಳೆಯುವ ಮಾನದಂಡ ತುಂಬಾ ಸರಳ: ಮುರಿದು ನೋಡಿದಾಗ ಏಡಿ ಮಾಂಸದ ದೊಡ್ಡ ದೊಡ್ಡ ತುಂಡು ಕಾಣಬೇಕು, ಹಿಟ್ಟು ಕಾಣಬಾರದು. ನಾನು ಇಲ್ಲಿ ಹೇಳುವುದೂ ಆ ಕ್ರಮವನ್ನೇ. ಕೇಕ್ ಒಡೆಯದಂತೆ ತಡೆಯುವುದು ಹಿಟ್ಟಲ್ಲ. ನೀರು ತೆಗೆಯುವುದು, ತಣ್ಣಗೆ ಮಾಡುವುದು, ಕಾವಲಿಯ ಮೇಲೆ ಕೈ ಬಿಗಿ ಹಿಡಿದು ಕಾಯುವುದು, ಇಷ್ಟೇ.

ಬೇಕಾಗುವ ಸಾಮಾನು (6 ಕೇಕ್‌ಗೆ)

ಬಿಡಿಸಿದ ಏಡಿ ಮಾಂಸ: 450 ಗ್ರಾಂ (ಅಮೆರಿಕದ ಒಂದು ಪೌಂಡ್ ಡಬ್ಬಿ)
ಮೊಟ್ಟೆ: 1
ಮಯೋನೀಸ್: 4 ದೊಡ್ಡ ಚಮಚ
ಡಿಜಾನ್ ಸಾಸಿವೆ: 1 ದೊಡ್ಡ ಚಮಚ
ವೂಸ್ಟರ್‌ಶೈರ್ ಸಾಸ್: 1 ಸಣ್ಣ ಚಮಚ
ಓಲ್ಡ್ ಬೇ ಮಸಾಲೆ: 1 ಸಣ್ಣ ಚಮಚ
ನಿಂಬೆ ರಸ: 2 ಸಣ್ಣ ಚಮಚ
ಸಣ್ಣಗೆ ಹೆಚ್ಚಿದ ಪಾರ್ಸ್ಲಿ: 2 ದೊಡ್ಡ ಚಮಚ
ಪುಡಿ ಮಾಡಿದ ಸಾಲ್ಟೀನ್ ಬಿಸ್ಕತ್ತು: 50 ಗ್ರಾಂ
ಹುರಿಯಲು ತುಪ್ಪ: 3 ದೊಡ್ಡ ಚಮಚ

ಕೆಲವು ಹೆಸರು ಹೊಸದಾಗಿರಬಹುದು. ಡಿಜಾನ್ ಎಂದರೆ ಹುಳಿ ಸೇರಿಸಿ ನುಣ್ಣಗೆ ಅರೆದ ಫ್ರೆಂಚ್ ಬಗೆಯ ಸಾಸಿವೆ. ಸಿಗದಿದ್ದರೆ ಬಂಗಾಳದ ಕಾಸುಂದಿ ಬಳಸಿ, ಆದರೆ ಅದು ಖಾರ, ಅರ್ಧ ಅಳತೆ ಸಾಕು. ವೂಸ್ಟರ್‌ಶೈರ್ ಹುಳಿ-ಸಿಹಿ ಇರುವ ಕಪ್ಪು ಸಾಸ್. ಪಾರ್ಸ್ಲಿ ಕೊತ್ತಂಬರಿಯ ಹಾಗೆ ಕಾಣುವ ಸೊಪ್ಪು. ಸಾಲ್ಟೀನ್ ಎಂದರೆ ತೆಳ್ಳಗಿನ ಉಪ್ಪು ಬಿಸ್ಕತ್ತು. ನಮ್ಮಲ್ಲಿ ಸಿಗುವ ಕ್ರೀಮ್ ಕ್ರ್ಯಾಕರ್ ಅಥವಾ ಮೊನಾಕೊ ಬಿಸ್ಕತ್ತು ಆ ಕೆಲಸ ಮಾಡುತ್ತದೆ. ರಸ್ಕ್ ಮಾತ್ರ ಬೇಡ, ಅದರಲ್ಲಿ ಸಕ್ಕರೆ ಇರುತ್ತದೆ.

ಓಲ್ಡ್ ಬೇ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು. ಇದನ್ನು ಮಾಡಿದವರು ಗುಸ್ತಾವ್ ಬ್ರುನ್ ಎಂಬ ಯಹೂದಿ ಮಸಾಲೆ ವ್ಯಾಪಾರಿ. ನಾಜಿಗಳ ಜರ್ಮನಿಯಿಂದ ಪಾರಾಗಿ ಬಾಲ್ಟಿಮೋರ್‌ಗೆ ಬಂದು ನೆಲೆಸಿದವರು. ಇವತ್ತು ಅಲ್ಲಿ ಏಡಿ ಎಂದರೆ ಜೊತೆಗೆ ಈ ಮಸಾಲೆಯೂ ನೆನಪಾಗುತ್ತದೆ. ಭಾರತದಲ್ಲಿ ಇದು ಎಲ್ಲ ಕಡೆ ಸಿಗುವುದಿಲ್ಲ. ಮನೆಯಲ್ಲೇ ಹತ್ತಿರದ ಮಸಾಲೆ ಮಾಡಿಕೊಳ್ಳಬಹುದು. ಸೆಲರಿ ಬೀಜದ ಪುಡಿ ಅರ್ಧ ಚಮಚ, ಬ್ಯಾಡಗಿ ಮೆಣಸಿನ ಪುಡಿ ಅರ್ಧ ಚಮಚ, ಕಾಳುಮೆಣಸಿನ ಪುಡಿ ಕಾಲು ಚಮಚ, ಉಪ್ಪು ಅರ್ಧ ಚಮಚ, ಒಂದೊಂದು ಚಿಟಿಕೆ ಲವಂಗ, ಜಾಪತ್ರೆ, ಒಣಶುಂಠಿ. ಎಲ್ಲವೂ ಸಣ್ಣ ಚಮಚದ ಲೆಕ್ಕ. ಅಲ್ಲಿನವರು ಬಣ್ಣಕ್ಕಾಗಿ ಪಾಪ್ರಿಕಾ ಎಂಬ ಖಾರವಿಲ್ಲದ ಮೆಣಸಿನ ಪುಡಿ ಹಾಕುತ್ತಾರೆ. ಬಣ್ಣ ಜಾಸ್ತಿ, ಖಾರ ಕಡಿಮೆ ಇರುವ ನಮ್ಮ ಬ್ಯಾಡಗಿ ಆ ಜಾಗಕ್ಕೆ ಚೆನ್ನಾಗಿ ಹೊಂದುತ್ತದೆ. ಗುಂಟೂರು ಮೆಣಸು ಹಾಕಿದರೆ ಖಾರವೇ ಮುಂದೆ ಬಂದು ಏಡಿಯ ಸಿಹಿ ಹಿಂದೆ ಸರಿಯುತ್ತದೆ. ಗರಂ ಮಸಾಲೆ, ಬೆಳ್ಳುಳ್ಳಿ, ಕೊತ್ತಂಬರಿ ಸೊಪ್ಪು ಸಹ ಇಲ್ಲಿ ಬೇಡ. ಏಡಿ ಸುಕ್ಕಾಕ್ಕೆ, ಗಸಿಗೆ ಅವು ಬೇಕೇ ಬೇಕು. ಈ ತಿಂಡಿಯ ರುಚಿ ಬೇರೆ ದಾರಿಯದು.

ಒಂದು ಎಚ್ಚರಿಕೆ ಮೊದಲೇ ಹೇಳಿಬಿಡುತ್ತೇನೆ. ಸಿಗಡಿ ತಿಂದರೆ ಮೈ ತುರಿಸುವ, ತುಟಿ ಊದುವ ಅಲರ್ಜಿ ಇರುವವರಿಗೆ ಏಡಿಯಿಂದಲೂ ತೊಂದರೆ ಆಗುವ ಸಾಧ್ಯತೆ ಬಹಳ. ಅತಿಥಿಗಳಿಗೆ ಬಡಿಸುವ ಮೊದಲು ಕೇಳಿಕೊಳ್ಳಿ. ವೂಸ್ಟರ್‌ಶೈರ್ ಸಾಸ್‌ನಲ್ಲಿ ಸಾಮಾನ್ಯವಾಗಿ ಮೀನು ಇರುತ್ತದೆ ಎಂಬುದೂ ಗೊತ್ತಿರಲಿ.

1. ಏಡಿ ಆರಿಸುವುದು

ನಿಮ್ಮ ಮುಂದೆ ಎರಡು ದಾರಿ ಇವೆ: ಬಿಡಿಸಿಟ್ಟ ಮಾಂಸ ಕೊಳ್ಳುವುದು, ಇಲ್ಲವೇ ಇಡೀ ಏಡಿ ತಂದು ಬಿಡಿಸುವುದು.

ಅಮೆರಿಕದಲ್ಲಿ ಇರುವವರಿಗೆ ಮೊದಲ ದಾರಿ ಸುಲಭ. ಅಂಗಡಿಯ ತಂಪು ಕಪಾಟಿನಲ್ಲಿ ಡಬ್ಬಿಗಳ ಮೇಲೆ ಜಂಬೋ ಲಂಪ್, ಲಂಪ್, ಬ್ಯಾಕ್‌ಫಿನ್, ಕ್ಲಾ ಎಂದು ಬರೆದಿರುತ್ತದೆ. ಏಡಿಯ ಕಟ್ಟಕಡೆಯ ಜೋಡಿ ಕಾಲು ದೋಣಿಯ ಹುಟ್ಟಿನ ಹಾಗೆ ಚಪ್ಪಟೆ ಇರುತ್ತದೆ, ಈಜಲು ಬಳಸುವ ಕಾಲು ಅದು. ಆ ಕಾಲಿನ ಬುಡದಲ್ಲಿರುವ ಎರಡು ದಪ್ಪ ಬಿಳಿ ತುಂಡುಗಳೇ ಜಂಬೋ ಲಂಪ್. ಲಂಪ್ ಎಂದರೆ ಅದಕ್ಕಿಂತ ಚಿಕ್ಕ ತುಂಡು. ಬ್ಯಾಕ್‌ಫಿನ್‌ನಲ್ಲಿ ಮುರಿದ ತುಂಡು ಮತ್ತು ಎಳೆ ಎಳೆ ಮಾಂಸ ಸೇರಿರುತ್ತದೆ. ಕ್ಲಾ ಎಂದರೆ ಕಚ್ಚುವ ದೊಡ್ಡ ಕಾಲಿನ ಮಾಂಸ, ಬಣ್ಣ ಕಂದು, ರುಚಿ ಗಾಢ. ಜಂಬೋ ಲಂಪ್ ಬಲು ದುಬಾರಿ, ಹಿಡಿದು ನಿಲ್ಲುವುದೂ ಕಷ್ಟ. ಮೊದಲ ಸಲ ಮಾಡುವವರಿಗೆ ನನ್ನ ಸಲಹೆ: ಅರ್ಧ ಲಂಪ್, ಅರ್ಧ ಬ್ಯಾಕ್‌ಫಿನ್. ದೊಡ್ಡ ತುಂಡು ಬಾಯಿಗೆ ಸಿಗುತ್ತದೆ, ಎಳೆ ಮಾಂಸ ಅವುಗಳನ್ನು ಹಿಡಿದುಕೊಳ್ಳುತ್ತದೆ.

ಡಬ್ಬಿಯ ಹಿಂಬದಿ ಓದಿ. ಅಮೆರಿಕದ ಅಂಗಡಿಗಳಲ್ಲಿರುವ ಡಬ್ಬಿಗಳಲ್ಲಿ ಬಹಳಷ್ಟು ಬರುವುದು ಹೊರದೇಶಗಳಿಂದ. ಭಾರತದಿಂದಲೂ ಹೋಗುತ್ತದೆ. ಅದು ಚೆಸಾಪೀಕ್ ಏಡಿಯಲ್ಲ, ಅದರ ನೆಂಟ. ಅದರಿಂದಲೂ ಒಳ್ಳೆಯ ಕೇಕ್ ಆಗುತ್ತದೆ. ಪಾಶ್ಚರೀಕರಿಸಿದ್ದು ಎಂದು ಬರೆದಿದ್ದರೆ, ಅಂದರೆ ಡಬ್ಬಿ ಮುಚ್ಚಿ ಹದವಾಗಿ ಕಾಯಿಸಿದ್ದರೆ, ಬಿಡಿಸಿ ತಿನ್ನಲು ಸಿದ್ಧವಾದ ಬೆಂದ ಮಾಂಸವೇ ಅದು. ಆದರೂ ಫ್ರಿಜ್‌ನಲ್ಲೇ ಇಡಬೇಕು.

"ಕ್ರ್ಯಾಬ್ ಸ್ಟಿಕ್" ಎಂದು ಕೆಂಪು-ಬಿಳಿ ಕಡ್ಡಿಗಳು ಸಿಗುತ್ತವಲ್ಲ, ಅವು ಏಡಿ ಅಲ್ಲ. ಬಿಳಿ ಮೀನನ್ನು ಅರೆದು, ಬಣ್ಣ ಮತ್ತು ವಾಸನೆ ಸೇರಿಸಿ ಮಾಡಿದ್ದು. ಈ ಅಡುಗೆಗೆ ತರಬೇಡಿ.

ಕರಾವಳಿಯಲ್ಲಿ ಇರುವವರಿಗೆ ತಾಜಾ ಏಡಿಯೇ ಸಿಗುತ್ತದೆ, ಅದು ನಿಮ್ಮ ಭಾಗ್ಯ. ಕಡಲಿನ ನೀಲಿ ಏಡಿ, ಬೆನ್ನ ಮೇಲೆ ಮೂರು ಕೆಂಪು ಚುಕ್ಕೆ ಇರುವ ಏಡಿ, ಅಳಿವೆಯ ಕೆಸರಿನಲ್ಲಿ ಬೆಳೆಯುವ ದೊಡ್ಡ ಏಡಿ, ಇವೆಲ್ಲವೂ ಚೆಸಾಪೀಕ್ ಏಡಿಯ ಕುಟುಂಬದವೇ. ಎಲ್ಲಕ್ಕೂ ಅದೇ ಹುಟ್ಟಿನಂಥ ಹಿಂಗಾಲು, ಅದರ ಬುಡದಲ್ಲಿ ಅದೇ ದಪ್ಪ ಮಾಂಸ. ಜೂನ್, ಜುಲೈ ತಿಂಗಳಲ್ಲಿ ಯಾಂತ್ರಿಕ ದೋಣಿಗಳಿಗೆ ನಿಷೇಧ ಇರುವಾಗ ಕಡಲ ಏಡಿ ಕಡಿಮೆ; ಆಗ ಅಳಿವೆಯ ಏಡಿ ಹುಡುಕಿ. ಮಲೆನಾಡಿನ ಗದ್ದೆ ಏಡಿಯಲ್ಲಿ ಮಾಂಸ ತೀರಾ ಸ್ವಲ್ಪ. ಅದನ್ನು ಸಾರಿಗೇ ಬಿಟ್ಟುಬಿಡಿ.

ಕೊಳ್ಳುವಾಗ ನೋಡಬೇಕಾದ್ದು ಇಷ್ಟು. ಅಳಿವೆಯ ದೊಡ್ಡ ಏಡಿಯನ್ನು ಜೀವಂತ ಇರುವಾಗಲೇ ಕೊಳ್ಳಿ. ಸತ್ತ ಏಡಿಯ ಮಾಂಸ ಬೇಗ ಹಾಳಾಗುತ್ತದೆ, ಎಷ್ಟು ಹೊತ್ತಿನಿಂದ ಹಾಗೆ ಬಿದ್ದಿದೆ ಎಂದು ನಮಗೆ ತಿಳಿಯುವುದಿಲ್ಲ. ಕಡಲ ಏಡಿ ಹೆಚ್ಚಾಗಿ ಸತ್ತೇ ಮಾರುಕಟ್ಟೆಗೆ ಬರುತ್ತದೆ. ಅದು ಮಂಜುಗಡ್ಡೆಯಲ್ಲೇ ಇರಬೇಕು, ಕಡಲಿನ ವಾಸನೆ ಮಾತ್ರ ಬರಬೇಕು. ಮೂಗಿಗೆ ಚುಚ್ಚುವ ಅಮೋನಿಯಾದಂಥ ವಾಸನೆ ಬಂದರೆ ಬೆಲೆ ಎಷ್ಟೇ ಇಳಿಸಿದರೂ ಬೇಡ. ಕೈಯಲ್ಲಿ ಹಿಡಿದಾಗ ಗಾತ್ರಕ್ಕೆ ತಕ್ಕ ಭಾರ ಇರಬೇಕು. ಹೊಟ್ಟೆಯ ಬದಿ ಒತ್ತಿ ನೋಡಿ, ಒಳಗೆ ಹೋದರೆ ಅದು ಹೊಸದಾಗಿ ಚಿಪ್ಪು ಬದಲಿಸಿದ ಏಡಿ. ಒಳಗೆ ನೀರೇ ಇರುತ್ತದೆ. ಹೊಟ್ಟೆಯ ಮೇಲಿನ ಮಡಿಕೆ ಕಿರಿದಾಗಿ ಚೂಪಾಗಿದ್ದರೆ ಗಂಡು, ಅಗಲವಾಗಿದ್ದರೆ ಹೆಣ್ಣು. ಗಂಡಿನ ದೊಡ್ಡ ಕಾಲಿನಲ್ಲಿ ಮಾಂಸ ಜಾಸ್ತಿ. ಹೊಟ್ಟೆಯ ಕೆಳಗೆ ಮೊಟ್ಟೆಯ ಗೊಂಚಲು ಹೊತ್ತ ಏಡಿಯನ್ನು ದಯವಿಟ್ಟು ಕೊಳ್ಳಬೇಡಿ. ಅದು ಮುಂದಿನ ವರ್ಷಗಳ ಏಡಿ.

ಒಂದು ಕಿಲೋ ಏಡಿಯಿಂದ ಕಾಲು ಕಿಲೋ ಮಾಂಸ ಸಿಕ್ಕರೆ ಚೆನ್ನಾಗಿ ಸಿಕ್ಕಿತು ಎನ್ನಬೇಕು. ಅಂದರೆ ಈ ಅಳತೆಗೆ ಸುಮಾರು ಎರಡು ಕಿಲೋ ಏಡಿ ಬೇಕು. ಅಷ್ಟು ಆಗದಿದ್ದರೆ ಎಲ್ಲ ಅಳತೆಯನ್ನೂ ಅರ್ಧ ಮಾಡಿ. ಮೊಟ್ಟೆಯನ್ನು ಒಡೆದು ಕಲಕಿ, ಅದರಲ್ಲಿ ಅರ್ಧ ಮಾತ್ರ ಹಾಕಿ.

2. ಬೇಯಿಸಿ ಬಿಡಿಸುವುದು

ಡಬ್ಬಿ ತಂದವರು ಚಿಪ್ಪಿನ ಚೂರು ಹುಡುಕುವ ಮಾತಿಗೆ ನೇರ ಬರಬಹುದು.

ಜೀವಂತ ಏಡಿಯನ್ನು ಮೊದಲು ಮಂಜುಗಡ್ಡೆಯ ಒಳಗೆ ಅಥವಾ ಫ್ರೀಜರಿನಲ್ಲಿ ಅರ್ಧ ಗಂಟೆ ಇಡಿ. ತಣ್ಣಗಾದಂತೆ ಅದು ಮಂಕಾಗಿ ಅಲುಗಾಟ ನಿಲ್ಲಿಸುತ್ತದೆ. ಅದಕ್ಕೂ ನೋವು ಕಡಿಮೆ, ನಿಮ್ಮ ಬೆರಳಿಗೂ ಕ್ಷೇಮ. ಕಾಲಿಗೆ ಕಟ್ಟಿದ ಹಗ್ಗವನ್ನು ಬೇಯುವವರೆಗೆ ಬಿಚ್ಚಬೇಡಿ. ದೊಡ್ಡ ಏಡಿ ಬೆರಳು ಹಿಡಿದರೆ ಮೂಳೆಗೇ ಪೆಟ್ಟಾಗುತ್ತದೆ.

ಇಡ್ಲಿ ಪಾತ್ರೆಯಲ್ಲಿ ನೀರು ಕುದಿಸಿ, ತಟ್ಟೆಯ ಮೇಲೆ ಏಡಿಗಳನ್ನು ಹೊಟ್ಟೆ ಮೇಲೆ ಮಾಡಿ ಇಡಿ, ಮುಚ್ಚಳ ಮುಚ್ಚಿ. 250 ಗ್ರಾಂ ಆಸುಪಾಸಿನ ಏಡಿಗೆ 12ರಿಂದ 15 ನಿಮಿಷ, ಅರ್ಧ ಕಿಲೋ ಮೀರಿದ್ದಕ್ಕೆ 20 ನಿಮಿಷ. ಚಿಪ್ಪು ಪೂರ್ತಿ ಕೆಂಪು-ಕಿತ್ತಳೆ ಆಗಬೇಕು, ಮಾಂಸ ಬೆಳ್ಳಗೆ ಗಟ್ಟಿಯಾಗಿರಬೇಕು. ಮೇರಿಲ್ಯಾಂಡಿನವರೂ ಹಬೆಯಲ್ಲೇ ಬೇಯಿಸುತ್ತಾರೆ. ನೀರಿನಲ್ಲಿ ಮುಳುಗಿಸಿ ಕುದಿಸಿದರೆ ಮಾಂಸ ನೀರು ಕುಡಿಯುತ್ತದೆ, ಆ ನೀರು ಆಮೇಲೆ ಕಾವಲಿಯ ಮೇಲೆ ಹೊರಬಂದು ಕೇಕ್ ಒಡೆಯುತ್ತದೆ. ಕುಕ್ಕರ್ ಬೇಡವೇ ಬೇಡ, ಮಾಂಸ ನಾರಾಗುತ್ತದೆ.

ಪೂರ್ತಿ ಆರಿದ ಮೇಲೆ ಬಿಡಿಸಿ. ಬಿಸಿ ಇರುವಾಗ ಬಿಡಿಸಿದರೆ ತುಂಡು ಮುರಿಯುತ್ತದೆ. ಮೊದಲು ಹೊಟ್ಟೆಯ ಮಡಿಕೆ ಎತ್ತಿ ಕಿತ್ತುಹಾಕಿ, ಹಿಂದಿನಿಂದ ಹೆಬ್ಬೆರಳು ತೂರಿಸಿ ಬೆನ್ನ ಚಿಪ್ಪು ಎತ್ತಿ. ಎರಡೂ ಬದಿಗೆ ಬೂದು ಬಣ್ಣದ ಗರಿಯಂಥ ಕಿವಿರು ಕಾಣುತ್ತದೆ, ಅದನ್ನು ಪೂರ್ತಿ ತೆಗೆದು ಬಿಸಾಡಿ. ನಡುವಿನ ಹಳದಿ ಭಾಗ ಕೆಲವರಿಗೆ ತುಂಬಾ ಇಷ್ಟ. ಆದರೆ ಕೇಕ್‌ಗೆ ಹಾಕಬೇಡಿ, ಮಿಶ್ರಣ ತೆಳುವಾಗುತ್ತದೆ. ದೇಹವನ್ನು ಎರಡು ಹೋಳು ಮಾಡಿ, ಹಿಂಗಾಲನ್ನು ಬುಡಸಮೇತ ನಿಧಾನ ತಿರುಗಿಸಿ ಎಳೆದರೆ ದೊಡ್ಡ ತುಂಡು ಇಡಿಯಾಗಿ ಬರುತ್ತದೆ. ಉಳಿದ ಗೂಡುಗಳಿಂದ ಸಣ್ಣ ಚಮಚದ ಹಿಡಿ ಅಥವಾ ಕಡ್ಡಿಯಿಂದ ತೆಗೆಯಿರಿ. ದೊಡ್ಡ ಕಾಲನ್ನು ಒಡೆಯುವಾಗ ಬಟ್ಟೆ ಸುತ್ತಿ ಹಗುರ ಏಟು ಕೊಡಿ. ಜೋರಾಗಿ ಜಜ್ಜಿದರೆ ಚಿಪ್ಪಿನ ಚೂರು ಮಾಂಸದೊಳಗೆ ಸೇರುತ್ತದೆ.

ಈಗ ಚೂರು ಹುಡುಕುವ ಕೆಲಸ. ಡಬ್ಬಿಯ ಮಾಂಸಕ್ಕೂ ಇದು ಬೇಕು. ಮಾಂಸವನ್ನು ಸ್ವಲ್ಪ ಸ್ವಲ್ಪವೇ ಸ್ಟೀಲ್ ತಟ್ಟೆಗೆ ಉದುರಿಸಿ. ಚಿಪ್ಪಿನ ಚೂರಿದ್ದರೆ ಟಕ್ ಎಂದು ಸದ್ದಾಗುತ್ತದೆ. ಆಮೇಲೆ ಬೆರಳ ತುದಿಯಿಂದ ಸವರಿ ನೋಡಿ, ಹಿಸುಕಬೇಡಿ. ಬೇಸರ ಬರುವ ಕೆಲಸ ನಿಜ, ಆದರೆ ಚಿಕ್ಕ ಮಕ್ಕಳು ತಿನ್ನುವ ಮನೆಯಲ್ಲಿ ಇದನ್ನು ಬಿಡುವ ಹಾಗಿಲ್ಲ.

ಮಾಂಸವನ್ನು ತೊಳೆಯಬೇಡಿ. ರುಚಿ ನೀರಿನ ಜೊತೆ ಹೋಗಿಬಿಡುತ್ತದೆ. ಜರಡಿಯಲ್ಲಿ ಹರಡಿ ಫ್ರಿಜ್‌ನಲ್ಲಿ 20 ನಿಮಿಷ ಇಟ್ಟು ನೀರು ಇಳಿಯಲು ಬಿಡಿ, ಕೊನೆಗೆ ಒಣ ಬಟ್ಟೆ ಮೇಲೆ ಹರಡಿ ಮೃದುವಾಗಿ ಒತ್ತಿ. ಕೇಕ್ ಒಡೆಯುವವರಲ್ಲಿ ಹೆಚ್ಚಿನವರು ಬಿಡುವ ಹಂತ ಇದೇ.

3. ಹಿಡಿದಿಡುವ ಮಿಶ್ರಣ

ಮೊಟ್ಟೆ, ಮಯೋನೀಸ್, ಸಾಸಿವೆ, ವೂಸ್ಟರ್‌ಶೈರ್, ನಿಂಬೆ ರಸ, ಮಸಾಲೆ, ಪಾರ್ಸ್ಲಿ ಎಲ್ಲವನ್ನೂ ಬಟ್ಟಲಿನಲ್ಲಿ ಚೆನ್ನಾಗಿ ಕಲಕಿ. ಏಡಿ ಹಾಕುವ ಮೊದಲೇ ಇದು ಮುಗಿಯಬೇಕು. ಬಿಸ್ಕತ್ತಿನ ಪುಡಿ ಸೇರಿಸಿ 10 ನಿಮಿಷ ಬಿಡಿ. ಪುಡಿ ತೇವ ಹೀರಿ ಊದಿಕೊಂಡ ಮೇಲೆ ಮಿಶ್ರಣ ಗಟ್ಟಿ ಮೊಸರಿನ ಹದಕ್ಕೆ ಬರುತ್ತದೆ. ಊದುವ ಮೊದಲೇ "ನೀರಾಯಿತು" ಎಂದು ಇನ್ನಷ್ಟು ಪುಡಿ ಹಾಕುವುದರಿಂದಲೇ ಕೇಕ್ ಒಣ ಬ್ರೆಡ್ ಆಗುವುದು.

ಭಾರತದ ಅಂಗಡಿಗಳಲ್ಲಿ ಮಯೋನೀಸ್ ಕೊಳ್ಳುವಾಗ ಗಮನಿಸಿ. ಹೆಚ್ಚಿನವು ಮೊಟ್ಟೆ ಇಲ್ಲದವು, ಸಿಹಿ ಇರುತ್ತದೆ, ನೀರಿನ ಅಂಶವೂ ಜಾಸ್ತಿ. ಮೊಟ್ಟೆ ಇರುವುದು ಸಿಕ್ಕರೆ ಅದನ್ನೇ ತನ್ನಿ. ಸಿಗದಿದ್ದರೆ 4ರ ಬದಲು 3 ಚಮಚ ಹಾಕಿ, ನಿಂಬೆ ರಸ ಸ್ವಲ್ಪ ಹೆಚ್ಚಿಸಿ.

ಉಪ್ಪು ಬೇರೆ ಹಾಕಬೇಡಿ. ಬಿಸ್ಕತ್ತು, ಸಾಸ್, ಮಸಾಲೆ, ಏಡಿ ಎಲ್ಲದರಲ್ಲೂ ಉಪ್ಪಿದೆ. ಅನುಮಾನವಿದ್ದರೆ ಕೊನೆಯಲ್ಲಿ ಒಂದು ಚಮಚ ಮಿಶ್ರಣ ಕಾವಲಿಯಲ್ಲಿ ಬೇಯಿಸಿ ರುಚಿ ನೋಡಿ. ಹಸಿ ಮೊಟ್ಟೆ ಇರುವುದರಿಂದ ಹಸಿಯಾಗಿ ನೆಕ್ಕಿ ನೋಡುವುದು ಬೇಡ.

4. ಏಡಿ ಸೇರಿಸುವುದು

ಇಲ್ಲಿ ಕೈ ಹಗುರ ಇರಬೇಕು. ಎಳೆ ಮಾಂಸವನ್ನು ಮೊದಲು ಬೆರೆಸಿ, ದೊಡ್ಡ ತುಂಡು ಕೊನೆಗೆ. ಅಗಲ ಸೌಟಿನಿಂದ ತಳದಿಂದ ಮೇಲಕ್ಕೆ ಎತ್ತಿ ಮಗುಚುತ್ತಾ ಬನ್ನಿ. ಏಳೆಂಟು ಸಲ ಮಗುಚಿದರೆ ಸಾಕು. ಚಪಾತಿ ಹಿಟ್ಟಿನಂತೆ ನಾದಿದರೆ ತುಂಡೆಲ್ಲ ನೂಲಾಗುತ್ತದೆ. ಅಷ್ಟು ಹಣ ಕೊಟ್ಟು ಲಂಪ್ ತಂದದ್ದು ಆಗ ವ್ಯರ್ಥ, ಅಲ್ವಾ?

5. ಆಕಾರ ಕೊಟ್ಟು ತಣ್ಣಗೆ ಮಾಡುವುದು

ಮಿಶ್ರಣವನ್ನು 6 ಪಾಲು ಮಾಡಿ. ಒಂದೊಂದು ಸುಮಾರು 100 ಗ್ರಾಂ ಬರುತ್ತದೆ. ಅಂಗೈಗೆ ನೀರು ಸವರಿಕೊಂಡು ಉಂಡೆ ಮಾಡಿ, ಹಗುರವಾಗಿ ಒತ್ತಿ ಒಂದು ಇಂಚು ದಪ್ಪದ ಬಿಲ್ಲೆ ಮಾಡಿ. ಅಂಚು ಬಿರುಕು ಬಿಟ್ಟರೆ ಬೆರಳಿನಿಂದ ಒಳಕ್ಕೆ ದೂಡಿ. ವಡೆಯಂತೆ ತೆಳುವಾಗಿ ತಟ್ಟಬೇಡಿ, ಮಗುಚುವಾಗ ನಡುವೆ ಮುರಿಯುತ್ತದೆ.

ಎಣ್ಣೆ ಸವರಿದ ತಟ್ಟೆಯಲ್ಲಿ ಜೋಡಿಸಿ, ಮುಚ್ಚಿ, ಫ್ರಿಜ್‌ನಲ್ಲಿ ಕನಿಷ್ಠ ಒಂದು ಗಂಟೆ ಇಡಿ. ರಾತ್ರಿ ಮಾಡಿಟ್ಟು ಮರುದಿನ ಹುರಿದರೂ ಸರಿ. ಈ ಒಂದು ಗಂಟೆಯಲ್ಲಿ ಬಿಸ್ಕತ್ತು ಉಳಿದ ತೇವವನ್ನೂ ಹೀರುತ್ತದೆ, ಮಯೋನೀಸ್ ಗಟ್ಟಿಯಾಗುತ್ತದೆ, ಎಲ್ಲವೂ ಒಂದಕ್ಕೊಂದು ಅಂಟಿ ಕೂರುತ್ತದೆ. ಅರ್ಜೆಂಟ್ ಎಂದು ಇದನ್ನು ಹಾರಿಸಿದರೆ ಮುಂದಿನ ಹಂತದಲ್ಲಿ ನಾನು ಏನು ಹೇಳಿದರೂ ಉಪಯೋಗವಿಲ್ಲ. ಫ್ರೀಜರಿನಲ್ಲಿ ಹತ್ತು ನಿಮಿಷ ಇಟ್ಟರೆ ಸಾಲದೇ ಎಂದು ಕೇಳುತ್ತಾರೆ. ಸಾಲದು. ಮೇಲ್ಮೈ ಮಾತ್ರ ಗಟ್ಟಿಯಾಗುತ್ತದೆ.

6. ಹುರಿಯುವುದು

ದೋಸೆಗೆ ಪಳಗಿದ ಬೀಡಿನ ಕಾವಲಿ ಇದ್ದರೆ ಅದಕ್ಕಿಂತ ಒಳ್ಳೆಯದು ಬೇರೆ ಇಲ್ಲ. ನಾನ್‌ಸ್ಟಿಕ್ ತವಾ ಕೂಡ ಆಗುತ್ತದೆ. ಅಮೆರಿಕದಲ್ಲಿ ಹಲವರು ಬೆಣ್ಣೆಯಲ್ಲಿ ಹುರಿಯುತ್ತಾರೆ. ಬೆಣ್ಣೆಯಲ್ಲಿರುವ ಹಾಲಿನ ಅಂಶ ಬೇಗ ಕಪ್ಪಾಗುತ್ತದೆ, ತುಪ್ಪದಲ್ಲಿ ಆ ತೊಂದರೆ ಇಲ್ಲ, ಬೆಣ್ಣೆಯ ಪರಿಮಳವೂ ಸಿಗುತ್ತದೆ. ತೆಂಗಿನೆಣ್ಣೆಯ ವಾಸನೆ ಸಾಸಿವೆ-ಮಯೋನೀಸ್ ಜೊತೆ ಹೊಂದುವುದಿಲ್ಲ ಎಂಬುದು ನನ್ನ ಅಭಿಪ್ರಾಯ.

ಮಧ್ಯಮ ಉರಿಯಲ್ಲಿ ಕಾವಲಿ ಕಾಯಿಸಿ ಎರಡು ಚಮಚ ತುಪ್ಪ ಹಾಕಿ. ಒಂದು ಚೂರು ಮಿಶ್ರಣ ಹಾಕಿದರೆ ಚುರ್ ಎನ್ನಬೇಕು, ಹೊಗೆ ಬರಬಾರದು. ಕೇಕ್‌ಗಳನ್ನು ಫ್ರಿಜ್‌ನಿಂದ ತೆಗೆದು ನೇರವಾಗಿ ಹಾಕಿ, ಒಂದು ಸಲಕ್ಕೆ ಮೂರು ಸಾಕು. ಕಿಕ್ಕಿರಿದರೆ ಕಾವು ಇಳಿದು, ಹುರಿಯುವ ಬದಲು ಬೇಯಲು ಶುರುವಾಗುತ್ತದೆ.

ಈಗ 4 ನಿಮಿಷ ಕೈ ಕಟ್ಟಿ ನಿಲ್ಲಿ. ಅಲುಗಾಡಿಸಬೇಡಿ, ಸಟ್ಟುಗದಿಂದ ಒತ್ತಬೇಡಿ, ಅಂಚು ಎತ್ತಿ ನೋಡಬೇಡಿ. ತಳದಲ್ಲಿ ಹೊಂಬಣ್ಣದ ಪದರ ಕಟ್ಟಿದ ಮೇಲೆ ಕೇಕ್ ತಾನಾಗಿ ಕಾವಲಿ ಬಿಡುತ್ತದೆ. ಅಂಟಿಕೊಂಡಿದ್ದರೆ ಇನ್ನೂ ಆಗಿಲ್ಲ ಎಂದು ಅರ್ಥ. ಅರ್ಧ ನಿಮಿಷ ಬಿಟ್ಟು ಮತ್ತೆ ನೋಡಿ.

ಮಗುಚಲು ತೆಳು ಅಂಚಿನ ಸಟ್ಟುಗ ಪೂರ್ತಿ ಕೆಳಗೆ ತೂರಿಸಿ, ಇನ್ನೊಂದು ಚಮಚ ಮೇಲೆ ಆಧಾರವಾಗಿ ಹಿಡಿದು, ನಿಮ್ಮಿಂದ ಆಚೆಗೆ ತಿರುಗಿಸಿ. ಒಂದೇ ಸಲ ಮಗುಚಬೇಕು. ಉರಿ ಸ್ವಲ್ಪ ಇಳಿಸಿ, ಬೇಕಾದರೆ ಇನ್ನೊಂದು ಚಮಚ ತುಪ್ಪ ಬದಿಯಿಂದ ಬಿಟ್ಟು, 4ರಿಂದ 5 ನಿಮಿಷ ಹುರಿಯಿರಿ. ಏಡಿ ಮೊದಲೇ ಬೆಂದಿದೆ, ಆದರೆ ಒಳಗಿನ ಮೊಟ್ಟೆ ಬೇಯಬೇಕು. ಥರ್ಮಾಮೀಟರ್ ಇರುವವರು ನಡುವೆ ಚುಚ್ಚಿ ನೋಡಿ, 71 ಡಿಗ್ರಿ ಸೆಲ್ಸಿಯಸ್ ಬಂದಿರಬೇಕು. ಇಲ್ಲದವರು ಚಾಕುವಿನ ತುದಿಯನ್ನು ನಡುವೆ ಹತ್ತು ಸೆಕೆಂಡ್ ಇಟ್ಟು ತೆಗೆಯಿರಿ, ಲೋಹ ಚೆನ್ನಾಗಿ ಬಿಸಿ ಇದ್ದು ತುದಿಗೆ ಹಸಿ ಮಿಶ್ರಣ ಅಂಟದಿದ್ದರೆ ಆಯಿತು.

ಬಾಣಲೆಯಲ್ಲಿ ಎಣ್ಣೆ ತುಂಬಿ ಕರಿಯಬಹುದೇ? ಇಷ್ಟು ಕಡಿಮೆ ಬಿಸ್ಕತ್ತು ಇರುವ ಕೇಕ್ ಕುದಿಯುವ ಎಣ್ಣೆಯಲ್ಲಿ ನಿಲ್ಲುವುದಿಲ್ಲ. ಎಣ್ಣೆ ಕಡಿಮೆ ಬೇಕೆನ್ನುವವರು 220 ಡಿಗ್ರಿ ಸೆಲ್ಸಿಯಸ್‌ನ ಓವನ್‌ನಲ್ಲಿ 12ರಿಂದ 15 ನಿಮಿಷ ಬೇಯಿಸಿ. ಮಗುಚುವ ಗೋಜೇ ಇಲ್ಲ, ಆದರೆ ಕಾವಲಿಯ ಗರಿಗರಿ ಸಿಗುವುದಿಲ್ಲ.

ಇಷ್ಟೆಲ್ಲ ಮಾಡಿಯೂ ಮೊದಲ ಕೇಕ್ ಒಡೆಯಿತೇ? ಉಳಿದದ್ದನ್ನು ಹಾಕುವುದು ನಿಲ್ಲಿಸಿ. ಒಡೆದ ಜಾಗದಲ್ಲಿ ನೀರು ಕಂಡರೆ ಮಾಂಸ ಒದ್ದೆಯಿತ್ತು. ಉಳಿದ ಮಿಶ್ರಣಕ್ಕೆ ಎರಡು ಚಮಚ ಬಿಸ್ಕತ್ತು ಪುಡಿ ಸೇರಿಸಿ, ಮತ್ತೆ ಬಿಲ್ಲೆ ಮಾಡಿ, ಅರ್ಧ ಗಂಟೆ ಫ್ರಿಜ್‌ನಲ್ಲಿಡಿ. ನೀರಿಲ್ಲದೆ ಪುಡಿಪುಡಿಯಾಗಿ ಬಿದ್ದರೆ ಒಣಗಿದೆ. ಒಂದು ಚಮಚ ಮಯೋನೀಸ್ ಸೇರಿಸಿ. ತಳ ಕಾವಲಿಗೇ ಉಳಿದು ಮೇಲ್ಭಾಗ ಮಾತ್ರ ಕೈಗೆ ಬಂದರೆ ಕಾವು ಸಾಲಲಿಲ್ಲ, ಅಥವಾ ಬೇಗ ಮಗುಚಿದಿರಿ.

ಮೊಟ್ಟೆ ಇಲ್ಲದೆ ಮಾಡಬಹುದೇ ಎಂದು ಕೇಳುವವರಿಗೆ: ಆಗುತ್ತದೆ, ಆದರೆ ನಾಜೂಕು. ಮೊಟ್ಟೆಯಿಲ್ಲದ ಮಯೋನೀಸ್ ಒಂದು ಚಮಚ ಹೆಚ್ಚಿಸಿ, ಬಿಲ್ಲೆಯನ್ನು ಅರ್ಧ ಗಾತ್ರಕ್ಕೆ ಇಳಿಸಿ, ಓವನ್‌ನಲ್ಲಿ ಬೇಯಿಸಿ.

7. ಬಡಿಸುವುದು, ಉಳಿದದ್ದನ್ನು ಇಡುವುದು

ಕಾವಲಿಯಿಂದ ತೆಗೆದು ಎರಡು ನಿಮಿಷ ಬಿಟ್ಟು ಬಡಿಸಿ. ನಿಂಬೆ ಹೋಳು ಇರಲೇಬೇಕು. ಬಾಲ್ಟಿಮೋರ್ ಕಡೆ ಮೆತ್ತನೆಯ ಬನ್ ಒಳಗೆ ಇಟ್ಟು, ಇಲ್ಲವೇ ಬರೀ ಸಾಲ್ಟೀನ್ ಬಿಸ್ಕತ್ತು ಮತ್ತು ಸಾಸಿವೆಯ ಜೊತೆ ತಿನ್ನುತ್ತಾರೆ. ಟಾರ್ಟರ್ ಸಾಸ್ ಬೇಕಿದ್ದರೆ ನಾಲ್ಕು ಚಮಚ ಮಯೋನೀಸ್‌ಗೆ ವಿನೆಗರ್‌ನಲ್ಲಿ ನೆನೆದ ಸೌತೆಕಾಯಿ ಸಣ್ಣಗೆ ಹೆಚ್ಚಿ ಹಾಕಿ, ನಿಂಬೆ ರಸ, ಸ್ವಲ್ಪ ಈರುಳ್ಳಿ ಸೇರಿಸಿ. ಟೊಮೆಟೊ ಕೆಚಪ್ ಬೇಡ, ಅದರ ಸಿಹಿ ಏಡಿಯ ಸಿಹಿಯನ್ನು ನುಂಗಿಬಿಡುತ್ತದೆ.

ಹುರಿದ ಕೇಕ್‌ಗಳನ್ನು ಹೊರಗೆ ಎರಡು ಗಂಟೆಗಿಂತ ಹೆಚ್ಚು ಇಡಬೇಡಿ, ಕರಾವಳಿಯ ಬೇಸಿಗೆಯಲ್ಲಿ ಒಂದೇ ಗಂಟೆ. ಫ್ರಿಜ್‌ನಲ್ಲಿ ಎರಡು ದಿನ ಚೆನ್ನಾಗಿರುತ್ತದೆ. ಮತ್ತೆ ಬಿಸಿ ಮಾಡುವಾಗ ಮೈಕ್ರೋವೇವ್ ಬೇಡ, ರಬ್ಬರಿನಂತಾಗುತ್ತದೆ. ಸಣ್ಣ ಉರಿಯ ಕಾವಲಿಯಲ್ಲಿ ಮುಚ್ಚಳ ಮುಚ್ಚಿ ಎರಡೂ ಬದಿ ಮೂರು ಮೂರು ನಿಮಿಷ ಬಿಸಿ ಮಾಡಿ. ಇಡೀ ಏಡಿ ತಂದವರು ಚಿಪ್ಪು, ಸಣ್ಣ ಕಾಲುಗಳನ್ನು ಎಸೆಯಬೇಡಿ. ಒಂದು ಈರುಳ್ಳಿ, ನಾಲ್ಕು ಕಾಳುಮೆಣಸು ಹಾಕಿ ಅರ್ಧ ಗಂಟೆ ಕುದಿಸಿ ಸೋಸಿದರೆ ಮರುದಿನದ ಸಾರಿಗೆ ಒಳ್ಳೆಯ ನೀರು ಸಿಗುತ್ತದೆ.